ಕಳ್ಳ ಒಬ್ಬನೋ ಇಬ್ಬರೋ?

‘ಕೋಟಿ’ ಎಂದು ಒಮ್ಮೆ ಗಟ್ಟಿಯಾಗಿ ಹೇಳಿ. ಆಮೇಲೆ ‘ಕೋಟೆ’ ಎನ್ನಿ. ಕೊನೆಯ ಸ್ವರಗಳು ಬೇರೆ ಬೇರೆ ಎಂಬುದು ಮಗುವಿಗೂ ಗೊತ್ತು, ಅದನ್ನು ಬಿಡಿ. ಮೊದಲ ಅಕ್ಷರದ ಓಕಾರವನ್ನಷ್ಟೇ ಗಮನಿಸಿ. ಕನ್ನಡಿಯ ಮುಂದೆ ನಿಂತರೆ ಇನ್ನೂ ಅನುಕೂಲ. ‘ಕೋಟಿ’ಯಲ್ಲಿ ತುಟಿಗಳು ಬಿಗಿದು ಮುಂದಕ್ಕೆ ಬರುತ್ತವೆ, ದವಡೆ ಅಷ್ಟಾಗಿ ಇಳಿಯುವುದಿಲ್ಲ. ‘ಕೋಟೆ’ಯಲ್ಲಿ ದವಡೆ ಸಡಿಲಗೊಂಡು ಕೆಳಗಿಳಿಯುತ್ತದೆ, ಓಕಾರ ಕೊಂಚ ‘ಆ’ ಕಡೆಗೆ ವಾಲುತ್ತದೆ. ಏಕಾರದ ಪಾಡೂ ಇದೇ: ‘ಬೇಲಿ’ಯ ಏ ಬಿಗಿ, ‘ಬೇಳೆ’ಯ ಏ ಅಗಲ.

ಅಂದರೆ ಕನ್ನಡಿಗರ ಬಾಯಿಗೆ ಎರಡೆರಡು ಬಗೆಯ ಏ, ಓ ಬರುತ್ತವೆ. ಆದರೆ ಅವು ಎರಡು ಎಂದು ನಮಗೆ ಯಾರೂ ಹೇಳಿಕೊಟ್ಟಿಲ್ಲ, ನಮ್ಮ ವರ್ಣಮಾಲೆಯಲ್ಲಿ ಅವಕ್ಕೆ ಎರಡು ಅಕ್ಷರವೂ ಇಲ್ಲ. ಬೇಕಾಗಿಯೂ ಇಲ್ಲ. ಮುಂದಿನ ಅಕ್ಷರದಲ್ಲಿ ಇ, ಉ ಇದ್ದರೆ ಬಿಗಿ, ಅ, ಎ ಇದ್ದರೆ ಅಗಲ. ಯಾವುದು ಎಲ್ಲಿ ಬರುತ್ತದೆ ಎಂಬುದನ್ನು ನೆರೆಯ ಸ್ವರವೇ ತೀರ್ಮಾನಿಸುತ್ತದೆ. ಭಾಷಾವಿಜ್ಞಾನಿಗಳು ಬಿಗಿಯದನ್ನು ಸಂವೃತ, ಅಗಲದ್ದನ್ನು ವಿವೃತ ಎನ್ನುತ್ತಾರೆ. ಪದದ ಅರ್ಥವನ್ನೇ ಬದಲಿಸಬಲ್ಲ ಧ್ವನಿ ಧ್ವನಿಮಾ. ಅರ್ಥಕ್ಕೆ ಕೈಹಾಕದೆ ಅಕ್ಕಪಕ್ಕದವರನ್ನು ನೋಡಿ ವೇಷ ಬದಲಿಸುವುದು ಉಪಧ್ವನಿ. ಎರಡು ಭಾಷೆಯವರ ಬಾಯಲ್ಲಿ ಒಂದೇ ಧ್ವನಿಗಳು ಹೊರಡಬಹುದು. ಆದರೆ ಒಬ್ಬರ ಕಿವಿ ಲೆಕ್ಕಕ್ಕೆ ಹಿಡಿಯುವ ವ್ಯತ್ಯಾಸ ಇನ್ನೊಬ್ಬರ ಕಿವಿಗೆ ಗಾಳಿ.

ಈ ಲೆಕ್ಕ ಎಷ್ಟು ಜಿಪುಣವಾಗಬಹುದು ಎಂಬುದಕ್ಕೆ ಪುಸ್ತಕಗಳೆಲ್ಲ ಕೊಡುವ ಉದಾಹರಣೆ ಪಪುವಾ ನ್ಯೂಗಿನಿಯ ಬೂಗನ್‌ವಿಲ್ ದ್ವೀಪದ ರೊಟೊಕಾಸ್ ಭಾಷೆ. ಅದನ್ನು ಆಡುವವರು ಕೆಲವೇ ಸಾವಿರ ಮಂದಿ, ಬರೆಯಲು ಹನ್ನೆರಡು ಅಕ್ಷರ ಸಾಕು. ಅದರ ನಡುನಾಡಿನ ಉಪಭಾಷೆಯಲ್ಲಿ ಅರ್ಥ ಬೇರ್ಪಡಿಸುವ ವ್ಯಂಜನಗಳು ಆರೇ ಆರು. ಮ, ನ, ಙಗಳು ಧ್ವನಿಮಾಗಳ ಪಟ್ಟಿಯಲ್ಲೇ ಇಲ್ಲ! ಅನುನಾಸಿಕವೇ ಬೇಡವೆಂದ ಭಾಷೆ ಜಗತ್ತಿನಲ್ಲಿ ಬಲು ಅಪರೂಪ. ಆದರೆ ಅದೇ ರೊಟೊಕಾಸ್‌ನ ಐತಾ ಎಂಬ ಉಪಭಾಷೆಯನ್ನು ಸ್ಟುವರ್ಟ್ ರಾಬಿನ್ಸನ್ ಅಧ್ಯಯನ ಮಾಡಿ 2006ರಲ್ಲಿ ಪ್ರಕಟಿಸಿದಾಗ ಕಥೆ ತಿರುಗಿತು. ಐತಾದವರಿಗೆ ಬಕಾರದ ಜಾತಿಯ ಧ್ವನಿ ಬೇರೆ, ಮಕಾರ ಬೇರೆ, ವ್ಯಂಜನಗಳು ಒಂಬತ್ತು. ಹಿಂದೆ ಇಡೀ ಭಾಷೆಗೆ ಇದ್ದ ವ್ಯತ್ಯಾಸವನ್ನು ಐತಾ ಉಳಿಸಿಕೊಂಡಿದೆ, ನಡುನಾಡು ಕಳೆದುಕೊಂಡಿದೆ. ಒಂದು ಉಪಭಾಷೆಯನ್ನಷ್ಟೇ ನೋಡಿ ಭಾಷೆಯ ಚರಿತ್ರೆ ಬರೆಯಹೊರಟವರಿಗೆ ಇನ್ನೊಂದು ಉಪಭಾಷೆ ಹೀಗೆ ಅಡ್ಡ ಸಾಕ್ಷಿ ಹೇಳುತ್ತದೆ.

ಇಂಥ ಅಡ್ಡ ಸಾಕ್ಷಿಗಳನ್ನು ಕೇಳಲು ಬೂಗನ್‌ವಿಲ್‌ಗೆ ಹೋಗಬೇಕಿಲ್ಲ. ಗೋವದ ಪಣಜಿಯಿಂದ ಹಳೇ ಗೋವದ ಕಡೆಗೆ ಹೋಗುವ ಬಸ್ಸು ಹತ್ತಿದರೆ ಸಾಕು. ಪೋರ್ಚುಗೀಸ್ ವೈಸರಾಯ್ ಲಿನ್ಯಾರಿಸ್ 1630ರ ದಶಕದಲ್ಲಿ ಜವುಗಿನ ಮೇಲೆ ಕಟ್ಟಿಸಿದ ಉದ್ದನೆಯ ಕಲ್ಲುಸೇತುವೆ ದಾಟಿದರೆ ರಾಯಬಂದರ. ಅದರ ಬೆನ್ನಿಗೆ, ದಿನ್ನೆಯ ಇಳಿಜಾರಿನಲ್ಲಿ ಚಿಂಬಲ್. ತಿಸ್ವಾಡಿ ತಾಲ್ಲೂಕಿನ ಊರು. ಬಡಗಿಗೆ ಮಾಂಡವಿ ನದಿ. ರಾಯಬಂದರದ ಫೆರ್ರಿ ಹಿಡಿದರೆ ಚೊಡಣ ದ್ವೀಪ, ಮಾಂಡವಿಯ ಆಚೆ ದಡದಲ್ಲಿ ಬಾರ್ದೇಸ್. ಮೂಡಲಿಗೆ ಹಳೇ ಗೋವಾ ದಾಟಿ ಬಾಣಸ್ತಾರಿ ಸೇತುವೆಯ ಆಚೆ ಫೋಂಡಾ, ಕೊಂಕಣಿಯವರ ಬಾಯಲ್ಲಿ ಅಂತ್ರುಜ್. ತೆಂಕಣಕ್ಕೆ ಜುವಾರಿ ನದಿ, ಅದರಾಚೆ ಸಾಸಷ್ಟಿ. ಗೋವದ ಕೊಂಕಣಿಯ ಮೂರು ದೊಡ್ಡ ಉಪಭಾಷೆಗಳಾದ ಬಾರ್ದೇಸ್ಕಾರಿ, ಅಂತ್ರುಜಿ, ಸಾಷ್ಟಿಗಳ ನಟ್ಟನಡುವೆ ಈ ಊರು ಕೂತಿದೆ. ಸಾಲದ್ದಕ್ಕೆ ಚಿಂಬಲ್‌ನ ಇಂದಿರಾನಗರದ ತುಂಬ ಉತ್ತರ ಕರ್ನಾಟಕದಿಂದ ದುಡಿಯಲು ಬಂದು ನೆಲೆಯಾದವರ ಮನೆಗಳು. ನಾಲ್ಕು ಹೆಜ್ಜೆಗೊಮ್ಮೆ ಕನ್ನಡ ಕೇಳುತ್ತದೆ, ಅದೂ ಗಟ್ಟಿ ಕನ್ನಡ.

ಕನ್ನಡ ಇಲ್ಲಿಗೆ ಹೊಸದೇನಲ್ಲ. ಚಂದ್ರಪುರದಿಂದ, ಆಮೇಲೆ ಜುವಾರಿ ದಂಡೆಯ ಗೋಪಕಪಟ್ಟಣದಿಂದ ಆಳಿದ ಗೋವದ ಕದಂಬರು ಕನ್ನಡದಲ್ಲಿ ಶಾಸನ ಹಾಕಿಸಿದವರು. ಚಿಂಬಲ್‌ನ ಪಕ್ಕದ ಎತ್ತರದ ನೆಲಕ್ಕೆ ಇವತ್ತಿಗೂ ಕದಂಬರ ಹೆಸರೇ ಇದೆ. ಪೋರ್ಚುಗೀಸರಂತೂ ಕೊಂಕಣಿಯನ್ನೇ ‘ಕನಾರಿಂ’ ಭಾಷೆ ಎಂದು ಕರೆದರು. ಆದರೆ ಈಗಿನ ಕನ್ನಡ ರಾಜರದಲ್ಲ, ಗಾರೆಯವರದು, ಮನೆಗೆಲಸದವರದು, ತರಕಾರಿ ಮಾರುವವರದು. 2011ರ ಜನಗಣತಿಯಲ್ಲಿ ಗೋವದ ಪ್ರತಿ ನೂರು ಮಂದಿಯಲ್ಲಿ ನಾಲ್ಕೈದು ಮಂದಿ ಕನ್ನಡವೇ ತಮ್ಮ ತಾಯ್ನುಡಿ ಎಂದು ಬರೆಸಿದ್ದಾರೆ.

ಈಗ ಬಸ್ಸಿಗೆ ಬರೋಣ. ಇಳಿಯುವವರಿಗೆ ಕಂಡಕ್ಟರ್ ‘ದೆಂವ್, ದೆಂವ್’ ಎಂದು ಅವಸರ ಮಾಡುತ್ತಾನೆ: ಇಳಿ, ಇಳಿ. ಡ್ರೈವರ್‌ನ ತಲೆಯ ಮೇಲೆ ಹಾರ ಹಾಕಿಸಿಕೊಂಡು ಕೂತವನು ‘ದೇವ್’. ಒಂದಕ್ಕೊಂದಕ್ಕೆ ಇರುವ ಅಂತರ ಮೂಗಿನದು ಮಾತ್ರ. ‘ದೆಂವ್’ ಎನ್ನುವಾಗ ಮ ಎಂಬ ವ್ಯಂಜನವೂ ಇಲ್ಲ, ನ ಎಂಬ ವ್ಯಂಜನವೂ ಇಲ್ಲ. ದಕಾರ ದಾಟಿದ ಮೇಲೆ ತುಟಿ ಮುಚ್ಚುವುದಿಲ್ಲ, ನಾಲಗೆ ಎಲ್ಲೂ ತಾಗುವುದಿಲ್ಲ. ಕಿರುನಾಲಗೆಯ ಕಡೆಯ ಮೆತ್ತನೆಯ ಅಂಗುಳ ಕೆಳಗಿಳಿದು, ಸ್ವರ ಬಾಯಿಯಿಂದಲೂ ಮೂಗಿನಿಂದಲೂ ಒಟ್ಟಿಗೆ ಹೊರಡುತ್ತದೆ. ಇದು ಅನುನಾಸಿಕ ಸ್ವರ. ಕೊಂಕಣಿ ಇದನ್ನು ಬಲು ಕಟ್ಟುನಿಟ್ಟಾಗಿ ಎಣಿಸುತ್ತದೆ. ಗೋವದ ಕ್ರೈಸ್ತರ ಮನೆಯಲ್ಲಿ ‘ಪಾಯ್’ ಎಂದರೆ ಅಪ್ಪ, ‘ಪಾಂಯ್’ ಎಂದರೆ ಕಾಲು. ‘ಬಾಯ್’ ಎಂದರೆ ಹೆಣ್ಣುಮಗಳು, ‘ಬಾಂಯ್’ ಎಂದರೆ ಬಾವಿ. ಮೂಗು ಮರೆತರೆ ಅಪ್ಪನಿಗೆ ಎಣ್ಣೆ ತಿಕ್ಕಬೇಕಾಗುತ್ತದೆ, ಅಕ್ಕನಿಂದ ನೀರು ಸೇದಬೇಕಾಗುತ್ತದೆ.

ಪದಗಳನ್ನಷ್ಟೇ ಅಲ್ಲ, ವ್ಯಾಕರಣವನ್ನೂ ಮೂಗು ಹೊತ್ತುಕೊಂಡಿದೆ. ‘ತೊ ಯೆತಾ’ ಎಂದರೆ ಅವನು ಬರುತ್ತಾನೆ. ‘ಹಾಂವ್ ಯೆತಾಂ’ ಎಂದರೆ ನಾನು ಬರುತ್ತೇನೆ. ಕನ್ನಡ ‘ತ್ತಾನೆ’, ‘ತ್ತೇನೆ’ ಎಂದು ಇಡೀ ಪ್ರತ್ಯಯ ಬದಲಿಸಿ ಮಾಡುವ ಕೆಲಸವನ್ನು ಕೊಂಕಣಿ ಒಂದು ಉಸಿರಿನ ದಾರಿ ಬದಲಿಸಿ ಮುಗಿಸುತ್ತದೆ. ರಾಜ್ಯದ ಹೆಸರೇ ಅನುನಾಸಿಕ: ನಾವು ಗೋವಾ ಅನ್ನುವುದನ್ನು ಅವರು ‘ಗೊಂಯ್’ ಅನ್ನುತ್ತಾರೆ. ಬೆಳಿಗ್ಗೆ ಸೈಕಲ್ಲಿನಲ್ಲಿ ಹಾರ್ನ್ ಒತ್ತುತ್ತ ಬರುವ ಪೊದೆರ್ ಮಾರುವ ರೊಟ್ಟಿ ‘ಪಾಂವ್’. ಅದು ಪೋರ್ಚುಗೀಸ್ ಪದ. ಪೋರ್ಚುಗೀಸ್ ಕೂಡ ಸ್ವರದ ಮೂಗನ್ನು ಎಣಿಸುವ ಭಾಷೆಯಾದ್ದರಿಂದ ಕೈ ಬದಲಾದಾಗ ಏನೂ ಸೋರಲಿಲ್ಲ. ಅದೇ ಪದ ಘಟ್ಟ ಹತ್ತಿ ನಮ್ಮ ಚಾಟ್ ಅಂಗಡಿಗೆ ಬರುವಷ್ಟರಲ್ಲಿ ಮೂಗು ಕಳಚಿಕೊಂಡು ‘ಪಾವ್’ ಆಯಿತು.

ಕನ್ನಡಿಗರಿಗೆ ಅನುನಾಸಿಕ ಸ್ವರ ಬರುವುದಿಲ್ಲ ಎಂದುಕೊಂಡರೆ ತಪ್ಪು. ಒಪ್ಪಿಗೆಗೆ ‘ಹೂಂ’, ಒಲ್ಲೆ ಎನ್ನಲು ‘ಉಹೂಂ’ ಎಂದು ದಿನಕ್ಕೆ ನೂರು ಸಲ ಮೂಗಿನಲ್ಲೇ ಹೇಳುತ್ತೇವೆ. ಆದರೆ ಅವು ನಮ್ಮ ಲೆಕ್ಕದ ಪುಸ್ತಕದಲ್ಲಿಲ್ಲ. ನಮ್ಮ ಸೊನ್ನೆಯ ಕೆಲಸವೇ ಬೇರೆ. ‘ಅಂಗ’, ‘ಅಂಚು’, ‘ಅಂಟು’, ‘ಅಂದ’, ‘ಅಂಬು’ಗಳಲ್ಲಿ ಅದು ಮುಂದಿನ ವ್ಯಂಜನಕ್ಕೆ ತಕ್ಕ ಐದು ಬೇರೆ ಬೇರೆ ವ್ಯಂಜನ. ಮಂಗಳೂರಿನ ಕಡೆ ಕೊಂಕಣಿಯನ್ನು ಕನ್ನಡ ಲಿಪಿಯಲ್ಲೇ ಬರೆಯುತ್ತಾರೆ. ಆ ಪತ್ರಿಕೆಗಳನ್ನು ಬಯಲುಸೀಮೆಯ ಕನ್ನಡಿಗರ ಕೈಗೆ ಕೊಟ್ಟರೆ ‘ಹಾಂವ್’ ಎಂಬುದನ್ನು ‘ಹಾಮ್ವ್’ ಎಂದೇ ಓದುತ್ತಾರೆ. ಅಕ್ಷರ ನಮ್ಮದು, ಲೆಕ್ಕ ಅವರದು.

ಇಷ್ಟು ಸುಲಭದ ಮಾತಾಯಿತು. ನಿಜವಾದ ಸೊಗಸು ಕಳ್ಳನಲ್ಲಿದೆ.

ಕೊಂಕಣಿಯಲ್ಲಿ ಕಳ್ಳನಿಗೆ ‘ಚೋರ್’. (ಈ ಚ ನಮ್ಮ ‘ಚಕ್ಕುಲಿ’ಯ ಚ ಅಲ್ಲ; ನಾಲಗೆಯ ತುದಿ ಹಲ್ಲಿನ ಹತ್ತಿರ ಬಂದು ಹೊರಡುವ ‘ತ್ಸ’. ಮರಾಠಿ ಬಲ್ಲವರಿಗೆ ಇದು ಗೊತ್ತು.) ಗೋವದಲ್ಲಿ ಕಳ್ಳರು ಎಂಬುದಕ್ಕೂ ‘ಚೋರ್’ ಎಂದೇ ಬರೆಯುತ್ತಾರೆ. ಕನ್ನಡದ ಕಿವಿಗೆ ಎರಡೂ ಒಂದೇ. ಆದರೆ ಗೋವದವರಿಗೆ ಒಂದು ಉಚ್ಚಾರ ಕೇಳಿದೊಡನೆ ಬಂದವನು ಒಬ್ಬ ಎಂದು ತಿಳಿಯುತ್ತದೆ, ಇನ್ನೊಂದು ಕೇಳಿದರೆ ಹಲವರು ಎಂದು. ಒಬ್ಬನಾದರೆ ಓ ಬಿಗಿ, ‘ಕೋಟಿ’ಯ ಓ. ಹಲವರಾದರೆ ಓ ಅಗಲ, ‘ಕೋಟೆ’ಯ ಓ. ದೇವರ ಗತಿಯೂ ಅದೇ. ಬಿಗಿ ಏಕಾರದ ‘ದೇವ್’ ಒಬ್ಬ ದೇವರು, ಅಗಲ ಏಕಾರದ ‘ದೇವ್’ ಹಲವು ದೇವರು, ಮೂಗಿನ ‘ದೆಂವ್’ ಕಂಡಕ್ಟರನದು.

ನಮ್ಮಲ್ಲಿ ನೆರೆಯ ಸ್ವರವನ್ನು ನೋಡಿಕೊಂಡು ವೇಷ ಬದಲಿಸುತ್ತಿದ್ದ ಓಕಾರಕ್ಕೆ ಇಲ್ಲಿ ಏಕವಚನ ಬಹುವಚನ ಬೇರ್ಪಡಿಸುವ ಅಧಿಕಾರ ಬಂದದ್ದು ಹೇಗೆ? ‘ಚೋರ್’ ಎಂಬುದಕ್ಕೆ ಮುಂದೆ ನೋಡಿಕೊಳ್ಳಲು ಸ್ವರವೇ ಇಲ್ಲವಲ್ಲ.

ಉತ್ತರ ಬೇಕಾದರೆ ಚಿಂಬಲ್‌ನಿಂದ ಕಾರವಾರ, ಹೊನ್ನಾವರ, ಕುಂದಾಪುರ ದಾಟಿ ಮಂಗಳೂರಿಗೆ ಬರಬೇಕು. 1560ರಲ್ಲಿ ಗೋವದಲ್ಲಿ ಇನ್‌ಕ್ವಿಸಿಶನ್ ಶುರುವಾಯಿತು. ಆ ಶತಮಾನದಲ್ಲೂ ಅದರ ಮುಂದೆಯೂ ಅಲ್ಲಿಂದ ತೆಂಕಣಕ್ಕೆ ಇಳಿದು ಬಂದ ಸಾರಸ್ವತರು ತಮ್ಮ ಕೊಂಕಣಿಯನ್ನು ಕರಾವಳಿಯುದ್ದಕ್ಕೂ, ಕೊಚ್ಚಿಯವರೆಗೂ ಹೊತ್ತರು. ಮಂಗಳೂರಿನ ಗೌಡ ಸಾರಸ್ವತರ ಮನೆಯಲ್ಲಿ ಕೈ ಎಂಬುದಕ್ಕೆ ‘ಹಾತು’, ಹಲ್ಲಿಗೆ ‘ದಾಂತು’, ದೇವರಿಗೆ ‘ದೇವು’, ಮನೆಗೆ ‘ಘರ’. ಗೋವದಲ್ಲಿ ಇವೇ ‘ಹಾತ್’, ‘ದಾಂತ್’, ‘ದೇವ್’, ‘ಘರ್’.

ಇದನ್ನು ಕೇಳಿದ ಕೂಡಲೇ ನಾವು ಒಂದು ತೀರ್ಪು ಕೊಟ್ಟುಬಿಡುತ್ತೇವೆ: ಓಹೋ, ಇದು ಕನ್ನಡದ ಪ್ರಭಾವ. ಬಸ್‌ಗೆ ಬಸ್ಸು, ಕಾರ್‌ಗೆ ಕಾರು ಎಂದು ಬಾಲ ಅಂಟಿಸುವವರ ನೆರೆಯಲ್ಲಿ ಇಷ್ಟು ಕಾಲ ಇದ್ದು ಅವರೂ ಬಾಲ ಅಂಟಿಸಿಕೊಂಡಿದ್ದಾರೆ! ಹೆಮ್ಮೆಪಡಲು ಚೆನ್ನಾಗಿದೆ, ಆದರೆ ಹಾಗಲ್ಲ. ಆ ಉಕಾರ ಪ್ರಾಕೃತ, ಅಪಭ್ರಂಶಗಳ ಕಾಲದಿಂದ ಬಂದ ಪುಲ್ಲಿಂಗದ ಗುರುತು. 1290ರ ಜ್ಞಾನೇಶ್ವರಿಯ ಹಳೆಯ ಮರಾಠಿಯಲ್ಲೂ ‘ದೇವು’ ಎಂಬಂಥ ರೂಪಗಳಿವೆ. ಉತ್ತರದಲ್ಲಿ ಆ ಬಾಲ ಉದುರಿತು, ದಕ್ಷಿಣದಲ್ಲಿ ಉಳಿಯಿತು. ಪದವೆಲ್ಲ ಸ್ವರದಲ್ಲೇ ಮುಗಿಯಬೇಕೆನ್ನುವ ಕನ್ನಡ, ತುಳುಗಳ ನೆರೆ ಅದನ್ನು ಉಳಿಸಿಕೊಳ್ಳಲು ನೆರವಾಗಿರಬೇಕು, ಅಷ್ಟೇ. ಸುಮಿತ್ರ ಮಂಗೇಶ ಕತ್ರೆ 1942ರಲ್ಲಿ ಕೊಂಕಣಿಯ ರೂಪಸಿದ್ಧಿಯ ಬಗ್ಗೆ ಬರೆದ ಗ್ರಂಥದ ಕಾಲದಿಂದ ಈ ದಕ್ಷಿಣದ ರೂಪಗಳು ಭಾಷಾವಿಜ್ಞಾನಿಗಳಿಗೆ ದೊಡ್ಡ ಆಸ್ತಿ.

ಈಗ ಮಂಗಳೂರಿನ ಕಳ್ಳರನ್ನು ಎಣಿಸಿ. ಒಬ್ಬನಾದರೆ ‘ಚೋರು’, ಹಲವರಾದರೆ ‘ಚೋರ’. ವಚನದ ಗುರುತು ಇರುವುದು ಕೊನೆಯ ಸ್ವರದಲ್ಲಿ: ಉ ಇದ್ದರೆ ಒಬ್ಬ, ಅ ಇದ್ದರೆ ಹಲವರು. ಗೋವದಲ್ಲೂ ಒಂದು ಕಾಲಕ್ಕೆ ಇದೇ ಇತ್ತು ಎಂದು ಇಟ್ಟುಕೊಳ್ಳಿ. ಮುಂದೆ ಉಕಾರವಿದ್ದಾಗ ಓ ಬಿಗಿಯಿತು, ಅಕಾರವಿದ್ದಾಗ ಓ ಅಗಲವಾಯಿತು, ಥೇಟ್ ನಮ್ಮ ‘ಕೋಟಿ’, ‘ಕೋಟೆ’ಗಳ ಹಾಗೆ. ಆಗ ಅದು ಬರೀ ಉಪಧ್ವನಿ, ಯಾರ ಗಮನಕ್ಕೂ ಬಾರದ ವೇಷ. ಆಮೇಲೆ ಗೋವದಲ್ಲಿ ಪದಗಳ ಕೊನೆಯ ಹ್ರಸ್ವ ಸ್ವರಗಳು ಉದುರಿಹೋದವು. ಗುರುತು ಹೊತ್ತಿದ್ದ ಸ್ವರವೇ ಹೋಯಿತು. ಆದರೆ ಅದು ಹಿಂದಿನ ಓಕಾರದ ಮೇಲೆ ಒತ್ತಿದ್ದ ಅಚ್ಚು ಹೋಗಲಿಲ್ಲ. ಏಕವಚನ ಬಹುವಚನಗಳ ಹೊರೆ ಆ ಅಚ್ಚಿನ ಮೇಲೆ ಬಿತ್ತು. ಉಪಧ್ವನಿ ಹೀಗೆ ಧ್ವನಿಮಾ ಪದವಿಗೆ ಏರಿತು.

ಗೋವದ ಕೊಂಕಣಿ ಒಂದನ್ನೇ ಎದುರಿಗಿಟ್ಟುಕೊಂಡು ಕೂತರೆ ಸ್ವರ ಅಗಲಿಸಿ ಬಹುವಚನ ಮಾಡುವ ಈ ಪದ್ಧತಿ ಎಲ್ಲಿಂದಲೋ ಬಂದ ವಿಚಿತ್ರದ ಹಾಗೆ ಕಾಣುತ್ತದೆ. ಮಂಗಳೂರಿನದನ್ನು ಪಕ್ಕಕ್ಕಿಟ್ಟ ಕೂಡಲೇ ಗಂಟು ಬಿಚ್ಚಿಕೊಳ್ಳುತ್ತದೆ. ರೊಟೊಕಾಸ್‌ನಲ್ಲಿ ಐತಾ ಮಾಡಿದ ಕೆಲಸವನ್ನು ಇಲ್ಲಿ ನಮ್ಮ ಕರಾವಳಿಯ ಅಡುಗೆಮನೆಗಳು ಮಾಡಿವೆ.

ಇಂದಿರಾನಗರದವರ ಕನ್ನಡಕ್ಕೂ ಇಲ್ಲಿ ಒಂದು ಪಾಲಿದೆ, ಅದನ್ನು ಯಾರೂ ಅವರಿಗೆ ಕೊಟ್ಟಿಲ್ಲ. ಉತ್ತರ ಕರ್ನಾಟಕದ ಮಾತಿನಲ್ಲಿ ಪದದ ಕೊನೆಯ ಎಕಾರ ಇಕಾರವಾಗುತ್ತದೆ: ಮನೆ ಮನಿ, ಕೆರೆ ಕೆರಿ. ಹಾಗಾದರೆ ‘ಕೋಟೆ’ ಏನಾಗಬೇಕು? ‘ಕೋಟಿ’ ಆಗಿ, ದುಡ್ಡಿಗೂ ಕಲ್ಲಿಗೂ ವ್ಯತ್ಯಾಸ ಅಳಿಸಿಹೋಗಬೇಕಿತ್ತು. ಆಗಲಿಲ್ಲ. ಗದಗ, ಬಾಗಲಕೋಟೆ ಕಡೆಯವರು ‘ಕ್ವಾಟಿ’ ಅ‌ನ್ನುತ್ತಾರೆ. ಬೇಳೆ ‘ಬ್ಯಾಳಿ’ಯಾಯಿತು, ಪೇಟೆ ‘ಪ್ಯಾಟಿ’ಯಾಯಿತು. ಆದರೆ ಬೇಲಿ ಬೇಲಿಯಾಗಿಯೇ ಉಳಿಯಿತು, ‘ಬ್ಯಾಲಿ’ ಆಗಲಿಲ್ಲ, ಕೋಳಿ ‘ಕ್ವಾಳಿ’ಯಾಗಲಿಲ್ಲ. ಮೊದಲಿಗೆ ಎಕಾರದ ನೆರೆಯಲ್ಲಿ ಅಗಲವಾಗಿದ್ದ ಸ್ವರಗಳಷ್ಟೇ ಇನ್ನೂ ಅಗಲಿಸಿ ಹೀಗಾದವು. ಆ ಎಕಾರ ಇಕಾರವಾದ ಮೇಲೂ ಅವು ಹಿಂದಕ್ಕೆ ಸರಿಯಲಿಲ್ಲ. ಅಂದರೆ ಗೋವದ ಕೊಂಕಣಿ ಕಳ್ಳರ ವಿಷಯದಲ್ಲಿ ಮಾಡಿದ್ದನ್ನೇ ಬಯಲುಸೀಮೆಯ ಕನ್ನಡ ಕೋಟೆಯ ವಿಷಯದಲ್ಲಿ ಮಾಡಿದೆ. ಕೊನೆಯ ಸ್ವರ ಕೈಕೊಟ್ಟಿತು, ಮೊದಲ ಸ್ವರ ಅರ್ಥವನ್ನು ಕಾಪಾಡಿತು. ‘ಬ್ಯಾಳಿ’, ‘ಪ್ಯಾಟಿ’ಗಳನ್ನು ಅಪಭ್ರಂಶವೆಂದು ತಿದ್ದುವ ಮೇಷ್ಟ್ರುಗಳು ಈ ಲೆಕ್ಕಾಚಾರವನ್ನು ಒಮ್ಮೆ ನೋಡಬೇಕು. ಎಲ್ಲೂ ಅಡ್ಡಾದಿಡ್ಡಿ ಇಲ್ಲ.

ಉಪಭಾಷೆಗಳ ಗಡಿಗಳಿಗೆ ಮರಳೋಣ. ನಕ್ಷೆ ಬಿಡಿಸಿದವರು ನದಿಗಳನ್ನು ನೋಡಿ ಗೆರೆ ಎಳೆದುಬಿಡುತ್ತಾರೆ. ಚಿಂಬಲ್‌ನ ಸುತ್ತಲಿನ ನೀರು ಅಷ್ಟು ಅಗಲವೂ ಅಲ್ಲ, ದೋಣಿಗೆ ಅಡ್ಡಿಯೂ ಅಲ್ಲ. ತಿಸ್ವಾಡಿ 1510ರಲ್ಲಿ, ಬಾರ್ದೇಸ್ ಮತ್ತು ಸಾಸಷ್ಟಿ 1543ರಲ್ಲಿ ಪೋರ್ಚುಗೀಸರ ಕೈಗೆ ಹೋದವು. ಫೋಂಡಾ ಅವರಿಗೆ ಸಿಕ್ಕಿದ್ದು 1763ರಲ್ಲಿ. ನಡುವಿನ ಇನ್ನೂರು ಚಿಲ್ಲರೆ ವರ್ಷ, ಬಾಣಸ್ತಾರಿ ಸೇತುವೆಯ ಕೆಳಗಿನ ಕುಂಭಾರ್‌ಜುವೆಯ ಕಾಲುವೆ ಬರೀ ನೀರಾಗಿರಲಿಲ್ಲ, ಎರಡು ರಾಜ್ಯಗಳ ನಡುವಿನ ಗಡಿಯಾಗಿತ್ತು. ಈಚೆ ದೇವಾಲಯಗಳು ಬಿದ್ದಾಗ ಮಂಗೇಶಿ, ಶಾಂತಾದುರ್ಗೆಯರನ್ನು ಭಕ್ತರು ಆಚೆಗೆ ಸಾಗಿಸಿದರು. ದೇವರ ಜೊತೆ ಮನೆತನಗಳೂ ಮಾತೂ ಹೋದವು. ಅಂತ್ರುಜಿಗೂ ಬಾರ್ದೇಸ್ಕಾರಿಗೂ ಇವತ್ತಿರುವ ಅಂತರದಲ್ಲಿ ಆ ಗಡಿಯ ಪಾಲು ದೊಡ್ಡದು. ‘ನಾನು ಹೋಗುತ್ತೇನೆ’ ಎನ್ನಲು ಫೋಂಡಾದ ಕಡೆ ‘ಹಾಂವ್ ವತಾಂ’, ಹಳೆಯ ಪೋರ್ಚುಗೀಸ್ ತಾಲ್ಲೂಕುಗಳ ಕ್ರೈಸ್ತರ ಬಾಯಲ್ಲಿ ‘ಹಾಂವ್ ವೆತಾಂ’. ‘ನನಗೆ’ ಎಂಬುದಕ್ಕೆ ಅಲ್ಲಿ ‘ಮ್ಹಾಕಾ’, ಇಲ್ಲಿ ‘ಮಾಕಾ’. ಮಂಗಳೂರಿನ ಸಾರಸ್ವತರಲ್ಲಿ ದ್ವಿತ್ವ ಬಂದು ‘ಮಾಕ್ಕಾ’.

ಇನ್ನೊಂದು ಗಡಿ ನೆಲದ ಮೇಲಿಲ್ಲ. ಅಮೆರಿಕದ ಮಿನೆಸೋಟ ವಿಶ್ವವಿದ್ಯಾಲಯದಲ್ಲಿದ್ದ ರಾಕಿ ಮಿರಾಂದಾ 1970ರ ದಶಕದಲ್ಲಿ ತೋರಿಸಿದ್ದು ಇದನ್ನು: ಕೊಂಕಣಿಯ ಭೇದಗಳನ್ನು ಊರಿನಿಂದ ಊರಿಗೆ ಅಳೆದರೆ ಸಾಲದು, ಒಂದೇ ಊರಿನೊಳಗೆ ಜಾತಿಯಿಂದ ಜಾತಿಗೆ, ಮತದಿಂದ ಮತಕ್ಕೆ ಅಳೆಯಬೇಕು. ಒಂದೇ ಬಾವಿಯ ನೀರು ಸೇದುವ ಇಬ್ಬರ ಮಾತಿನ ನಡುವೆ ಎರಡು ತಾಲ್ಲೂಕಿನ ಅಂತರ ಇರಬಹುದು. ಕನ್ನಡಿಗರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಸರ್ಕಾರಗಳು ಮಾತ್ರ ಭಾಷೆಗೆ ಒಂದೇ ಮುಖ ಇರಬೇಕೆಂದು ಹಟ ಹಿಡಿಯುತ್ತವೆ. 1684ರಲ್ಲಿ ವೈಸರಾಯ್ ಅಲ್ವೋರ್ ಪ್ರಭು ಹೊರಡಿಸಿದ ಆಜ್ಞೆಯ ಪ್ರಕಾರ ಜನ ಮೂರು ವರ್ಷದಲ್ಲಿ ಕೊಂಕಣಿ ಬಿಟ್ಟು ಪೋರ್ಚುಗೀಸ್ ಕಲಿಯಬೇಕಿತ್ತು. ಕಲಿತವರು ಕಲಿತರು, ಬಿಟ್ಟವರು ಕಡಿಮೆ. 1905ರಲ್ಲಿ ಗ್ರಿಯರ್ಸನ್‌ರ ಭಾಷಾ ಸಮೀಕ್ಷೆ ಕೊಂಕಣಿಯನ್ನು ಮರಾಠಿಯ ಒಂದು ಉಪಭಾಷೆ ಎಂದು ಮುದ್ರೆ ಒತ್ತಿತು. ಆ ಮುದ್ರೆ ಅಳಿಸಲು 1975ರ ಸಾಹಿತ್ಯ ಅಕಾಡೆಮಿಯ ಮನ್ನಣೆ, 1987ರ ರಾಜಭಾಷಾ ಕಾಯ್ದೆ, 1992ರಲ್ಲಿ ಸಂವಿಧಾನದ ಎಂಟನೇ ಪರಿಚ್ಛೇದದಲ್ಲಿ ಸ್ಥಾನ, ಇಷ್ಟು ಬೇಕಾಯಿತು. ಆದರೆ 1987ರ ಕಾಯ್ದೆ ದೇವನಾಗರಿಯ ಕೊಂಕಣಿಗೆ ಮಾತ್ರ ಪಟ್ಟ ಕಟ್ಟಿತು. ಬರೆಹದ ದೇವನಾಗರಿ ಕೊಂಕಣಿ ಹೆಚ್ಚಾಗಿ ಅಂತ್ರುಜಿಯ ಜಾಡಿನದು. ರೋಮನ್ ಅಕ್ಷರದಲ್ಲಿ ಬರೆಯುವ ರೋಮಿ ಕೊಂಕಣಿ ಬಾರ್ದೇಸ್ಕಾರಿಯ ಜಾಡಿನದು. ಲಿಪಿಯ ಜಗಳ ಎಂದು ಪತ್ರಿಕೆಗಳು ಬರೆಯುವುದರ ಅಡಿಯಲ್ಲಿ ಉಪಭಾಷೆಯ ಜಗಳವೂ ಇದೆ.

ರೋಮಿಯ ಕಥೆ ನನಗೆ ಇಷ್ಟ, ಏಕೆಂದರೆ ಅದು ಹೊರಗಿನ ಕಿವಿಗಳು ಕಷ್ಟಪಟ್ಟು ಕಲಿತ ಲೆಕ್ಕ. ಇಂಗ್ಲೆಂಡಿನಿಂದ 1579ರಲ್ಲಿ ಗೋವಕ್ಕೆ ಬಂದ ಜೆಸುಯಿಟ್ ಪಾದ್ರಿ ಥಾಮಸ್ ಸ್ಟೀಫನ್ಸ್ ಸಾಸಷ್ಟಿಯಲ್ಲಿ ಬದುಕೆಲ್ಲ ಕಳೆದು 1619ರಲ್ಲಿ ತೀರಿಕೊಂಡರು. ಅವರು ಬರೆದ ಕೊಂಕಣಿ ವ್ಯಾಕರಣ ರಾಯ್ತೂರಿನ ಅಚ್ಚುಕೂಟದಲ್ಲಿ 1640ರಲ್ಲಿ ಅಚ್ಚಾಯಿತು. ಯುರೋಪಿನ ಕಿವಿಗೆ ತ, ಟ ಎರಡೂ ಒಂದೇ. ಕೊಂಕಣಿಯಲ್ಲೋ ‘ವಾತ್’ ಎಂದರೆ ಬತ್ತಿ, ‘ವಾಟ್’ ಎಂದರೆ ದಾರಿ. ದಾರಿ ತೋರಿಸು ಎಂದು ಪ್ರಾರ್ಥಿಸುವವರಿಗೆ ಇದು ಸಣ್ಣ ವಿಷಯವಲ್ಲ! ರೋಮಿಯಲ್ಲಿ ಇದಕ್ಕೆ ಕಂಡುಕೊಂಡ ಉಪಾಯ, ರೋಮನ್‌ನ ಒಂದು ‘ಟಿ’ ಬರೆದರೆ ತ, ಎರಡು ‘ಟಿ’ ಬರೆದರೆ ಟ. ಡ, ಣಗಳಿಗೂ ಹೀಗೆಯೇ ಅಕ್ಷರ ಇಮ್ಮಡಿಯಾಗುತ್ತದೆ.

ಅದೇ ರೋಮಿ ದೇವನಾಗರಿಗಿಂತ ಪ್ರಾಮಾಣಿಕವಾದ ಒಂದು ಜಾಗವಿದೆ. ಕೊಂಕಣಿಯ ಅಕಾರ ಕನ್ನಡದ ಅಕಾರದಂತೆ ಬಿಚ್ಚು ಅಲ್ಲ, ತುಟಿ ಕೊಂಚ ದುಂಡಗಾಗಿ ಒಕಾರದ ಕಡೆ ಸರಿದಿರುತ್ತದೆ. ಆದ್ದರಿಂದ ದೇವನಾಗರಿಯಲ್ಲೂ ಕನ್ನಡ ಲಿಪಿಯಲ್ಲೂ ‘ಘರ್’ ಆಗಿರುವ ಮನೆ ರೋಮಿಯಲ್ಲಿ ‘ಘೊರ್’. ಪಣಜಿ ‘ಪೊಣ್ಜೆ’. ಕಾಗುಣಿತ ನೋಡಿ ಇವು ಬೇರೆ ಬೇರೆ ಪದಗಳೆಂದು ವಾದಿಸಿದವರನ್ನು ಕಂಡಿದ್ದೇನೆ. ಪದ ಒಂದೇ, ಮನೆಯೂ ಒಂದೇ. ಮೂರು ಲಿಪಿಗಳೂ ಅಗಲ ಓಕಾರ, ಬಿಗಿ ಓಕಾರಗಳ ವಿಷಯದಲ್ಲಿ ಮಾತ್ರ ಬಹುಮಟ್ಟಿಗೆ ಒಗ್ಗಟ್ಟಾಗಿ ಕೈಚೆಲ್ಲಿವೆ. ಮ್ಯಾಥ್ಯೂ ಅಲ್ಮೇಡಾ ಎಂಬ ಇನ್ನೊಬ್ಬ ಜೆಸುಯಿಟ್ 1989ರಲ್ಲಿ ಪ್ರಕಟಿಸಿದ ಕೊಂಕಣಿಯ ವಿವರಣೆಯಂಥ ಪುಸ್ತಕಗಳಲ್ಲಿ ಭಾಷಾವಿಜ್ಞಾನದ ಚಿಹ್ನೆಗಳು ಅದನ್ನು ತೋರಿಸುತ್ತವೆ. ಅಲ್ಮೇಡಾ ದುಡಿದ, ಸ್ಟೀಫನ್ಸ್ ಹೆಸರನ್ನೇ ಹೊತ್ತ ಕೊಂಕಣಿ ಕೇಂದ್ರ ಇರುವುದು ಚಿಂಬಲ್‌ನಿಂದ ಮಾಂಡವಿಯ ಆಚೆ, ಆಲ್ತೊ ಪರ್ವರಿಯಲ್ಲಿ.

ಮಹಾಪ್ರಾಣದ ಮಾತನ್ನು ಚುಟುಕಾಗಿ ಮುಗಿಸುತ್ತೇನೆ. ಭಾಷಾವಿಜ್ಞಾನಿ ಡಿ. ಎನ್. ಶಂಕರ ಭಟ್ಟರು, ಕನ್ನಡಿಗರು ಮಹಾಪ್ರಾಣಗಳನ್ನು ಬರೆಯುತ್ತಾರೆಯೇ ಹೊರತು ಉಲಿಯುವುದಿಲ್ಲ ಎಂದು ವಾದಿಸಿದ್ದಾರೆ. ಕೊಂಕಣಿಗರು ಉಲಿಯುತ್ತಾರೆ. ‘ಘ’, ‘ಭ’ಗಳಷ್ಟೇ ಅಲ್ಲ, ಮಕಾರಕ್ಕೂ ಮಹಾಪ್ರಾಣವುಂಟು. ನಾವು ಮಾಪುಸಾ ಅನ್ನುವ ಪೇಟೆ ಅವರಿಗೆ ‘ಮ್ಹಾಪ್ಶೆಂ’. ಜಕಾರದಲ್ಲೂ ಎರಡು ಬಗೆ: ಊಟ ‘ಜೆವಣ್’ ಎಂಬಲ್ಲಿ ನಮ್ಮ ಜ, ‘ಜಾತಾ’ (ಆಗುತ್ತದೆ) ಎಂಬಲ್ಲಿ ಹಲ್ಲಿನ ಸಂದಿಯಿಂದ ಜೇನಿನಂತೆ ಗುಂಯ್‌ಗುಡುವ ಜ. ಬಹುಮಟ್ಟಿಗೆ ಮುಂದಿನ ಸ್ವರ ನೋಡಿ ಇವು ಹಂಚಿಕೊಂಡಿರುವುದರಿಂದ ತಪ್ಪಿದರೂ ಅರ್ಥ ಕೆಡದು. ಮಾತಾಡಿದವನ ಊರು ಮಾತ್ರ ಬಯಲಾಗುತ್ತದೆ.

ಬಯಲಾಗುವುದಕ್ಕೆ ಬೆಲೆಯಿದೆ. ಘಟ್ಟದ ಮೇಲಿನಿಂದ ಬಂದ ದುಡಿಯುವವರನ್ನು ಗೋವದಲ್ಲಿ ‘ಘಾಂಟಿ’ ಎಂದು ಹೀಗಳೆಯುವುದುಂಟು. ಕೊಂಕಣಿ ಕಲಿತು ಮಾತಾಡಿದರೂ ಮೂಗಿಲ್ಲದ ಒಂದು ‘ಹಾವ್’, ಬಾಲ ಅಂಟಿದ ಒಂದು ‘ಘರು’, ಚಪ್ಪಟೆಯಾದ ಒಂದು ಜಕಾರ ಸಾಕು, ಎದುರಿನವರು ಹಿಂದಿಗೆ ತಿರುಗಿಬಿಡುತ್ತಾರೆ. ದೊಡ್ಡವರಾದ ಮೇಲೆ ಬಂದವರ ಕಿವಿ ಹಳೆಯ ಲೆಕ್ಕವನ್ನು ಬಿಡುವುದಿಲ್ಲ; ಹುಟ್ಟಿದ ಮೊದಲ ವರ್ಷದಲ್ಲೇ ಮಗುವಿನ ಕಿವಿ ತನ್ನ ಸುತ್ತಲಿನ ಭಾಷೆಗೆ ಬೇಡದ ವ್ಯತ್ಯಾಸಗಳನ್ನು ಗಮನಿಸುವುದನ್ನು ಕಡಿಮೆ ಮಾಡತೊಡಗುತ್ತದೆ ಎಂಬುದು ಪ್ರಯೋಗಗಳಿಂದ ಚೆನ್ನಾಗಿ ತಿಳಿದಿದೆ. ಇಂದಿರಾನಗರದಲ್ಲೇ ಹುಟ್ಟಿ, ಓಣಿಯಲ್ಲಿ ಕೊಂಕಣಿ ಮಕ್ಕಳ ಜೊತೆ ಆಡಿ ಬೆಳೆದವರಿಗೆ ಆ ತೊಂದರೆ ಇಲ್ಲ. ಅವರು ಮನೆಯಲ್ಲಿ ‘ಅವ್ವಾ, ಬ್ಯಾಳಿ ಸಾಕು’ ಎಂದು, ಬಾಗಿಲಾಚೆ ‘ಹಾಂವ್ ಯೆತಾಂ’ ಎಂದು ಮೂಗು ಸೇರಿಸಿಯೇ ಕೂಗುತ್ತಾರೆ.

ನಡುವಿನವರ ಸ್ಥಿತಿ ಕುತೂಹಲದ್ದು. ಹದಿನೈದು ಇಪ್ಪತ್ತರ ಹರೆಯದಲ್ಲಿ ಬಂದು, ಕೆಲಸದ ಜಾಗದಲ್ಲಿ ಕೊಂಕಣಿ ಕಲಿತವರು ಇವರು. ಅವರ ನಾಲಗೆಗೆ ‘ಕ್ವಾಟಿ’, ‘ಕೋಟಿ’ಗಳ ಅಭ್ಯಾಸ ಆಗಲೇ ಇದೆ, ಸ್ವರವನ್ನು ಅಗಲಿಸಿ ಅರ್ಥ ಬೇರೆ ಮಾಡುವ ವಿದ್ಯೆ ಅವರಿಗೆ ಹೊಸದಲ್ಲ. ಮೈಸೂರು ಕಡೆಯವನಿಗಿಂತ ಅವರಿಗೆ ಕೊಂಕಣಿಯ ಎರಡು ಓಕಾರ ಬೇಗ ಹಿಡಿತಕ್ಕೆ ಬರಬೇಕು ಎಂಬುದು ನನ್ನ ಲೆಕ್ಕಾಚಾರ. ಆದರೆ ಅವರಿಗೆ ಅದನ್ನು ಯಾರೂ ತೋರಿಸಿಕೊಡುವುದಿಲ್ಲ, ಬರೆದ ಅಕ್ಷರದಲ್ಲಿ ಅದು ಕಾಣುವುದೂ ಇಲ್ಲ. ಹಾಗಾಗಿ ಅವರಲ್ಲಿ ಯಾರಾದರೂ ಕಳ್ಳನಿಗೂ ಕಳ್ಳರಿಗೂ ಒಂದೇ ‘ಚೋರ್’ ಎಂದರೆ ಕೊಂಕಣಿಗೆ ಅಪಾಯವೇನಿಲ್ಲ. ವಾಕ್ಯದಲ್ಲಿ ಕ್ರಿಯಾಪದ ಇದ್ದೇ ಇರುತ್ತದೆ: ‘ಚೋರ್ ಆಯ್ಲೊ’ ಎಂದರೆ ಬಂದವನು ಒಬ್ಬ, ‘ಚೋರ್ ಆಯ್ಲೆ’ ಎಂದರೆ ಬಂದವರು ಹಲವರು. ಆ ಕೊನೆಯ ಒ, ಎಗಳು ಗೋವದಲ್ಲಿ ಇನ್ನೂ ಉದುರಿಲ್ಲ.